ಹಳೆಯ ಜಪಾನಿ ವೀರರ 46 ಟೇಪುಗಳು ಕೈಗೆ ಬಂದಿವೆ, ಇವನ್ನು ಏನು ಮಾಡಬೇಕು?

ಕವಾಸಾಕಿ ಕನ್ನಡಿಗ

ಎಲ್ಲರಿಗೂ ನಮಸ್ಕಾರ. ಆರು ವರ್ಷಗಳಿಂದ ಜಪಾನಿನ ಕವಾಸಾಕಿಯಲ್ಲಿದ್ದೇನೆ. ನಮ್ಮ ಕಟ್ಟಡದ ಕೆಳಮನೆಯ ಅಜ್ಜಿ ಮಗನ ಊರಿಗೆ ಹೋಗಲೆಂದು ಮನೆ ಖಾಲಿ ಮಾಡುತ್ತಿದ್ದಾರೆ. ಹೋದ ವಾರ ಕಸದ ಗಾಡಿಗೆಂದು ಹೊರಗಿಟ್ಟಿದ್ದ ರಟ್ಟಿನ ಪೆಟ್ಟಿಗೆಯಲ್ಲಿ ವಿಎಚ್‌ಎಸ್ ಟೇಪುಗಳು ಕಂಡವು. ತೆಗೆದುಕೊಳ್ಳಲೇ ಎಂದು ಕೇಳಿದೆ. ಅವರು ಸಂತೋಷದಿಂದ ಕೊಟ್ಟರು. ಎಣಿಸಿದರೆ 46.

ಪ್ರತಿಯೊಂದರ ಬೆನ್ನಿನ ಮೇಲೂ ತೀರಿಕೊಂಡ ಅವರ ಯಜಮಾನರ ಕೈಬರಹದಲ್ಲಿ ತಾರೀಖು, ಕಾರ್ಯಕ್ರಮದ ಹೆಸರು, ಕಂತಿನ ಸಂಖ್ಯೆ ಇವೆ. ಎಲ್ಲವೂ ವೇಷ ತೊಟ್ಟ ವೀರರು ಕಾದಾಡುವ ಮಕ್ಕಳ ಟಿ.ವಿ. ಧಾರಾವಾಹಿಗಳು: 1982ರ ‘ಗ್ಯಾಬನ್’ನಿಂದ ಶುರುವಾಗಿ ‘ಡೈನಾಮನ್’, ‘ಚೇಂಜ್‌ಮನ್’, ಕೊನೆಗೆ 1987ರ ‘ಕಾಮೆನ್ ರೈಡರ್ ಬ್ಲ್ಯಾಕ್’. ಹಳೆಯ ಸಾಮಾನಿನ ಅಂಗಡಿಯಲ್ಲಿ ಡೆಕ್ ಒಂದನ್ನು ಕೊಂಡು ಎರಡು ಟೇಪುಗಳನ್ನು ಹಾಕಿ ನೋಡಿದೆ. ಜಾಹೀರಾತು, ಮುಂದಿನ ಕಾರ್ಯಕ್ರಮದ ಪ್ರಕಟಣೆ, ನಡುವೆ ಹಾದುಹೋಗುವ ಸುದ್ದಿಯ ಪಟ್ಟಿ, ಯಾವುದನ್ನೂ ಕತ್ತರಿಸಿಲ್ಲ. ಆ ದಿನದ ಸಂಜೆಯೇ ಪೆಟ್ಟಿಗೆಯೊಳಗೆ ಕುಳಿತಿದ್ದಂತಿತ್ತು.

ಜೊತೆಯಲ್ಲಿ ಕೆಲಸ ಮಾಡುವವರೊಬ್ಬರು ‘ಇವೆಲ್ಲ ಡಿಸ್ಕ್‌ನಲ್ಲಿ ಬಂದು ಎಷ್ಟೋ ವರ್ಷವಾಯಿತು, ಸುಮ್ಮನೆ ಜಾಗ ತಿನ್ನುತ್ತವೆ’ ಎಂದರು. ನನಗೆ ಎಸೆಯಲು ಮನಸ್ಸಾಗಲಿಲ್ಲ. ಇವನ್ನು ಡಿಜಿಟಲ್ ಮಾಡಿ ಅಂತರ್ಜಾಲಕ್ಕೆ ಹಾಕಬಹುದೇ? ಹಾಕುವುದು ಸರಿಯೇ? ಮಾಡುವುದಾದರೆ ಹೇಗೆ? ತಿಳಿದವರು ದಯವಿಟ್ಟು ಹೇಳಿ.

ಹಳೆ ರೀಲು

ಎಸೆಯಬೇಡಿ. ಮೊದಲು ಇದಿಷ್ಟನ್ನು ಹೇಳಿಬಿಡುತ್ತೇನೆ, ಉಳಿದದ್ದು ಊಟವಾದ ಮೇಲೆ.

ಸಾವಿರ ಕಂಬ

ಆ ಸಹೋದ್ಯೋಗಿ ಹೇಳಿದ್ದರಲ್ಲಿ ತಪ್ಪೇನಿದೆ? ‘ಗ್ಯಾಬನ್’ನ 44 ಕಂತುಗಳೂ ಡಿಸ್ಕ್‌ನಲ್ಲಿ ಸಿಗುತ್ತವೆ. ಫಿಲ್ಮಿನಿಂದಲೇ ತೆಗೆದ ನಿಚ್ಚಳ ಚಿತ್ರ ಇರುವಾಗ ಮಸುಕು ಟೇಪನ್ನು ನೋಡುವವರು ಯಾರು? ಉಳಿಸುವ ಶ್ರಮವನ್ನು ನಿಜವಾಗಿಯೂ ಅಳಿದುಹೋಗುತ್ತಿರುವುದರ ಮೇಲೆ ಹಾಕಬೇಕು.

ಹಿರಗಾನ

ಒಂದು ಸಣ್ಣ ತಿದ್ದುಪಡಿ. ‘ಕಾಮೆನ್’ ಅಲ್ಲ, ‘ಕಮೆನ್’. ಮುಖವಾಡ ಎಂಬರ್ಥದ ಆ ಪದದಲ್ಲಿ ಮೊದಲ ಅಕ್ಷರ ಹ್ರಸ್ವ. ಇಂಗ್ಲಿಷಿನವರಿಗೆ ಹ್ರಸ್ವ ದೀರ್ಘ ತೋರಿಸಲು ಅಕ್ಷರದ ಮೇಲೆ ಗೆರೆ ಎಳೆಯಬೇಕು. ನಮ್ಮ ಲಿಪಿಯಲ್ಲಿ ಅದು ತಾನಾಗಿಯೇ ಇದೆ, ಎ ಏ, ಒ ಓ ಕೂಡ ಬೇರೆ ಬೇರೆ. ಇಷ್ಟು ಅನುಕೂಲವಿರುವಾಗ ಇಂಗ್ಲಿಷ್ ಕಾಗುಣಿತ ನೋಡಿ ಬರೆಯುವುದೇಕೆ?

ಕವಾಸಾಕಿ ಕನ್ನಡಿಗ

ಹಿರಗಾನ ಅವರೇ, ಸರಿ. ಇನ್ನು ಮುಂದೆ ‘ಕಮೆನ್’ ಎಂದೇ ಬರೆಯುತ್ತೇನೆ.

ಹಳೆ ರೀಲು

ಈಗ ಸಾವಿರ ಕಂಬ ಅವರಿಗೆ ಉತ್ತರ. ನೀವು ಹೇಳಿದ್ದು ಅರ್ಧ ನಿಜ. ಈ ಬಗೆಯ ಧಾರಾವಾಹಿಗಳನ್ನು ಹೆಚ್ಚಾಗಿ 16 ಮಿಲಿಮೀಟರ್ ಫಿಲ್ಮಿನಲ್ಲಿ ಚಿತ್ರಿಸುತ್ತಿದ್ದರು. 1966ರ ‘ಉಲ್ಟ್ರಾ ಕ್ಯೂ’ವನ್ನಂತೂ 35 ಮಿಲಿಮೀಟರ್‌ನಲ್ಲೇ ತೆಗೆದರು. ಫಿಲ್ಮಿನಲ್ಲಿದ್ದದ್ದರಿಂದ ಕಥೆ ಉಳಿಯಿತು. ಆ ಕಾಲದಲ್ಲಿ ವಿಡಿಯೊ ಟೇಪು ದುಬಾರಿ. ಸ್ಟುಡಿಯೊದ ಟೇಪಿನಲ್ಲಿ ಮುದ್ರಿಸಿದ್ದನ್ನು ಅಳಿಸಿ ಮತ್ತೆ ಅದರ ಮೇಲೆಯೇ ಮುದ್ರಿಸುತ್ತಿದ್ದರು. 1972ರ ಕೊನೆಯ ಮೂರು ತಿಂಗಳು ನಿಪ್ಪೊನ್ ಟೆಲಿವಿಷನ್ನಿನಲ್ಲಿ ‘ತೊತ್ಸುಗೆಕಿ ಹ್ಯೂಮನ್’ ಎಂಬ ಕಾರ್ಯಕ್ರಮ ಬಂತು. ‘ಕಮೆನ್ ರೈಡರ್’ಗೆ ಎದುರಾಗಿ ಅದೇ ಹೊತ್ತಿಗೆ ಬರುತ್ತಿತ್ತು. ಮಕ್ಕಳು ಕಿಕ್ಕಿರಿದ ರಂಗಮಂದಿರದಲ್ಲಿ ವೀರ ನೇರವಾಗಿ ಕಾದಾಡುವುದನ್ನು ಟೇಪಿನಲ್ಲಿ ಹಿಡಿದರು. 13 ಕಂತುಗಳು. ಆ ಟೇಪುಗಳನ್ನು ಅಳಿಸಿದರು. ಕಾರ್ಯಕ್ರಮವೇ ಹೋಯಿತು.

ಅದೇ ರೀತಿ ಹೋದದ್ದು ‘ಗ್ಯಾಬನ್’ನ ಕಥೆಯಲ್ಲ, ‘ಗ್ಯಾಬನ್’ ಪ್ರಸಾರವಾದ ಅರ್ಧ ಗಂಟೆ. ಶುಕ್ರವಾರ ಸಂಜೆ ಏಳೂವರೆಗೆ ಮಗು ನೋಡಿದ್ದು ಕಂತನ್ನು ಮಾತ್ರವಲ್ಲ. ಪ್ರಾಯೋಜಕರ ಹೆಸರು ಓದುವ ದನಿ, ಆಟಿಕೆಯ ಜಾಹೀರಾತು, ಮುಂದಿನ ವಾರದ ಮುನ್ನೋಟ ಎಲ್ಲವೂ ಸೇರಿ ಒಂದು ಕಾರ್ಯಕ್ರಮ. ಈ ಉದ್ಯಮ ನಿಂತದ್ದೇ ಆಟಿಕೆಯ ಮೇಲೆ. ರೈಡರ್‌ನ ಸೊಂಟಪಟ್ಟಿಯನ್ನು ಪೊಪ್ಪಿ ಕಂಪನಿ ಆಟಿಕೆಯಾಗಿ ಮಾರಿದ ಮೇಲೆ, ವೀರ ಯಾವ ನಿಮಿಷದಲ್ಲಿ ರೂಪ ಬದಲಿಸಬೇಕು, ಹೊಸ ಯಂತ್ರ ಯಾವ ತಿಂಗಳಲ್ಲಿ ಬರಬೇಕು ಎನ್ನುವುದಕ್ಕೂ ಅಂಗಡಿಗೂ ನಂಟು ಬೆಳೆಯಿತು. ಜಾಹೀರಾತು ಕತ್ತರಿಸಿದ ಡಿಸ್ಕ್ ನೋಡಿದರೆ ಆ ನಂಟು ಕಾಣುವುದಿಲ್ಲ. ನಿಲಯದವರು ಇಡದೆ ಹೋದದ್ದನ್ನು ಇಟ್ಟವರು ಮನೆಯಲ್ಲಿ ಗುಂಡಿ ಒತ್ತಿದ ಅಪ್ಪಂದಿರು. ಆ ಅಜ್ಜಿಯ ಯಜಮಾನರೂ ಅವರಲ್ಲೊಬ್ಬರು.

ಸಾವಿರ ಕಂಬ

ಜಾಹೀರಾತಿನ ವಿಚಾರ ಒಪ್ಪುತ್ತೇನೆ. ನಾನು ಹಾಗೆ ಯೋಚಿಸಿರಲಿಲ್ಲ. ಆದರೆ 46 ಟೇಪುಗಳನ್ನೂ ಪೂರ್ತಿ ಉಳಿಸಬೇಕೆಂಬುದನ್ನು ಇನ್ನೂ ಒಪ್ಪಿಲ್ಲ.

ಕಾಯಿದೆ ಪುಸ್ತಕ

ಕವಾಸಾಕಿಯವರೇ, ನೀವು ಜಪಾನಿನ ನೆಲದಲ್ಲಿದ್ದೀರಿ, ಆದ್ದರಿಂದ ಕಾನೂನಿನ ಮಾತು ಮೊದಲು. ಅಲ್ಲಿ ಚಲನಚಿತ್ರ ವರ್ಗದ ಕೃತಿಗಳಿಗೆ ಪ್ರಕಟವಾದ ಮೇಲೆ 70 ವರ್ಷ ಹಕ್ಕು ಇರುತ್ತದೆ. 2004ಕ್ಕೆ ಮೊದಲು 50 ಇತ್ತು. 1982ರ ಕಂತಿಗೆ 2052ರ ಕೊನೆಯವರೆಗೂ ರಕ್ಷಣೆ. ಜಾಹೀರಾತುಗಳಿಗೂ ಹಕ್ಕುದಾರರಿದ್ದಾರೆ, ಅವುಗಳಲ್ಲಿನ ಹಾಡಿಗೆ ಬೇರೆಯವರು. ಸ್ವಂತ ಬಳಕೆಗೆ ಮನೆಯೊಳಗೆ ಪ್ರತಿ ಮಾಡಿಕೊಳ್ಳಲು ಅವಕಾಶವಿದೆ. ಎಲ್ಲರೂ ನೋಡುವ ಜಾಗಕ್ಕೆ ಏರಿಸುವುದು ಬೇರೆ ಮಾತು, ಅದಕ್ಕೆ ಅನುಮತಿ ಬೇಕು. ಹಣಕ್ಕೆ ಮಾರಾಟವಾಗುವ ವಿಡಿಯೊವನ್ನು ಅಕ್ರಮವಾಗಿ ಏರಿಸಿದ ಜಾಗದಿಂದ ಗೊತ್ತಿದ್ದೂ ಇಳಿಸಿಕೊಳ್ಳುವುದು ಕೂಡ ಅಲ್ಲಿ 2012ರ ಅಕ್ಟೋಬರ್‌ನಿಂದ ಶಿಕ್ಷಾರ್ಹ. ನಮ್ಮ ದೇಶದಲ್ಲಿ ಚಲನಚಿತ್ರಕ್ಕೆ 60 ವರ್ಷ.

ಡಿಜಿಟಲ್ ಮಾಡಿ ಇಟ್ಟುಕೊಳ್ಳಿ. ಏರಿಸುವ ಆತುರ ಬೇಡ.

ಧಾರವಾಡದ ಪೇಡೆ

ಇಷ್ಟು ಕಾನೂನು ನೋಡುತ್ತ ಕುಳಿತಿದ್ದರೆ ನನ್ನ ಬಾಲ್ಯ ನನಗೆ ಸಿಗುತ್ತಿರಲಿಲ್ಲ. ಎಂಬತ್ತರ ದಶಕದಲ್ಲಿ ದೂರದರ್ಶನದಲ್ಲಿ ‘ಜೈಂಟ್ ರೋಬಾಟ್’ ಬರುತ್ತಿತ್ತು. ಕೈಗಡಿಯಾರದಲ್ಲಿ ಮಾತನಾಡಿ ದೈತ್ಯ ಯಂತ್ರವನ್ನು ಕರೆಯುವ ಹುಡುಗ. ನಮ್ಮ ಓಣಿಯಲ್ಲಿ ಒಂದೇ ಟಿ.ವಿ., ಅದೂ ಕಪ್ಪು ಬಿಳುಪು. ಹದಿನೈದು ಹುಡುಗರು ಜಗುಲಿಯಿಂದ ಕಿಟಕಿಯವರೆಗೆ ತುಂಬಿರುತ್ತಿದ್ದೆವು. ಆಮೇಲೆ ಇಪ್ಪತ್ತು ವರ್ಷ ಯಾರನ್ನು ಕೇಳಿದರೂ ಅಂಥದ್ದು ಬಂದೇ ಇಲ್ಲ ಎನ್ನುತ್ತಿದ್ದರು. ಕಡೆಗೆ ಯಾರೋ ಅಮೆರಿಕದ ಅಭಿಮಾನಿ ತಮ್ಮ ಕ್ಯಾಸೆಟ್ಟಿನಿಂದ ಏರಿಸಿದ್ದ ಇಂಗ್ಲಿಷ್ ಕಂತು ಕಣ್ಣಿಗೆ ಬಿತ್ತು. ಕೊನೆಯ ಕಂತಿನಲ್ಲಿ ರೋಬಾಟ್ ಹುಡುಗನ ಆಜ್ಞೆ ಮೀರಿ ಖಳನಾಯಕ ಗಿಲೊಟಿನ್‌ನನ್ನು ಎತ್ತಿಕೊಂಡು ಆಕಾಶಕ್ಕೆ ಹಾರುತ್ತದಲ್ಲ, ಅದನ್ನು ನೋಡಿ ನಲವತ್ತು ದಾಟಿದವನು ಕಣ್ಣೊರೆಸಿಕೊಂಡೆ. ಅದು ನನಗೆ ಮೊದಲ ಸಲ ಬಣ್ಣದಲ್ಲಿ ಕಂಡದ್ದು.

ಹಿರಗಾನ

ಪೇಡೆಯವರೇ, ಮೂಲದಲ್ಲಿ ಆ ಹುಡುಗನ ಹೆಸರು ಕುಸಾಮ ದೈಸಾಕು. ‘ಜಾನಿ ಸೊಕ್ಕೊ’ ಎಂದದ್ದು ಇಂಗ್ಲಿಷ್ ಅವತರಣಿಕೆ. ತೊಎಯ್ ಕಂಪನಿ 1967ರಲ್ಲಿ ಆರಂಭಿಸಿದ 26 ಕಂತುಗಳ ಧಾರಾವಾಹಿ ಅದು. ದುಷ್ಟಕೂಟದ ಹೆಸರು ಮೂಲದಲ್ಲಿ ‘ಬಿಗ್ ಫೈರ್’, ಇಂಗ್ಲಿಷಿನಲ್ಲಿ ‘ಗಾರ್ಗಾಯ್ಲ್’.

ಧಾರವಾಡದ ಪೇಡೆ

ಹೆಸರು ಏನೇ ಇರಲಿ, ನನಗೆ ಅವನು ಜಾನಿಯೇ.

ಹಿರಗಾನ

ಅದಕ್ಕೇ ಹೇಳುವುದು, ಇಂಗ್ಲಿಷ್ ದನಿಯ ಪ್ರತಿಯನ್ನೂ ಮೂಲದಷ್ಟೇ ಜೋಪಾನವಾಗಿ ಉಳಿಸಬೇಕು. ನೀವು ಕಂಡದ್ದು ಅದು.

ಜೆಟಿಕ್ಸ್ ಹುಡುಗಿ

ಇದನ್ನು ಯಾರಾದರೂ ಹೇಳಲಿ ಎಂದು ಕಾಯುತ್ತಿದ್ದೆ! ನಮ್ಮ ಪೀಳಿಗೆಗೆ ‘ರ್ಯೂಕೆಂಡೊ’. 2006ರ ಜಪಾನಿ ಧಾರಾವಾಹಿ, 52 ಕಂತುಗಳು, ಜೆಟಿಕ್ಸ್ ವಾಹಿನಿಯಲ್ಲಿ ಹಿಂದಿಯಲ್ಲಿ ಬರುತ್ತಿತ್ತು. ನಮ್ಮ ಮನೆಯಲ್ಲಿ ಯಾರಿಗೂ ಹಿಂದಿ ಬರುತ್ತಿರಲಿಲ್ಲ. ನಾನೂ ತಮ್ಮನೂ ಹಿಂದಿ ಕಲಿತದ್ದೇ ಅದರಿಂದ. ಜಪಾನಿ ಮೂಲ ಹುಡುಕಿದರೆ ಸಿಗುತ್ತದೆ. ನನಗೆ ಬೇಕಾದದ್ದು ಆ ಹಿಂದಿ ದನಿ. ಅದನ್ನು ಯಾರೋ ಟಿ.ವಿ. ಟ್ಯೂನರ್ ಕಾರ್ಡಿನಿಂದ ಹಿಡಿದಿಟ್ಟ ತುಣುಕುಗಳಲ್ಲಿ ಕೇಳಬೇಕು, ಮೂಲೆಯಲ್ಲಿ ವಾಹಿನಿಯ ಗುರುತು ಸಮೇತ. ಮುಂಬಯಿಯ ಯಾವುದೋ ಸ್ಟುಡಿಯೊದಲ್ಲಿ ಅಷ್ಟು ಶ್ರದ್ಧೆಯಿಂದ ದನಿ ಕೊಟ್ಟ ಕಲಾವಿದರ ಹೆಸರನ್ನು ಕೂಡ ಪರದೆಯ ಮೇಲೆ ನೋಡಿದ ನೆನಪಿಲ್ಲ.

ಮಲೆನಾಡ ಮಳೆ

ನಮ್ಮ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನ’ದ (1934) ಒಂದು ಪ್ರತಿಯೂ ಉಳಿದಿಲ್ಲ. ಅದನ್ನು ಯಾರೂ ಮನೆಯಲ್ಲಿ ಟೇಪ್ ಮಾಡಿಟ್ಟುಕೊಳ್ಳುವ ಕಾಲವಾಗಿರಲಿಲ್ಲ. ಇಂಥ ಪೆಟ್ಟಿಗೆ ಕಂಡಾಗಲೆಲ್ಲ ನನಗೆ ಅದೇ ನೆನಪಾಗುತ್ತದೆ. ವಿಷಯಾಂತರಕ್ಕೆ ಕ್ಷಮೆಯಿರಲಿ.

ದ್ವೀಪವಾಸಿ

ನಾನು ಹವಾಯಿಯಲ್ಲಿದ್ದೇನೆ. ಇಲ್ಲಿನ ಕಥೆ ಹೇಳಲೇಬೇಕು. 1974ರಲ್ಲಿ ಇಲ್ಲಿನ ಕಿಕು ಎಂಬ ಜಪಾನಿ ವಾಹಿನಿ ‘ಕಿಕಾಯ್ಡಾ’ವನ್ನು ತಂದಿತು. ದನಿ ಬದಲಿಸಲಿಲ್ಲ, ಜಪಾನಿಯಲ್ಲೇ ಬಿಟ್ಟು ಕೆಳಗೆ ಇಂಗ್ಲಿಷ್ ಸಾಲು ಹಾಕಿದರು. ಅರ್ಧ ಕೆಂಪು, ಅರ್ಧ ನೀಲಿ ಮೈಯ ಆ ಯಂತ್ರಮಾನವನಿಗಾಗಿ ಇಲ್ಲಿನ ಮಕ್ಕಳು ಹುಚ್ಚೆದ್ದರು. ಇವತ್ತಿಗೂ ಇಲ್ಲಿ ಐವತ್ತು, ಅರವತ್ತು ದಾಟಿದವರ ಮುಂದೆ ಆ ಹೆಸರು ಹೇಳಿದರೆ ಮುಖ ಅರಳುತ್ತದೆ. ಆ ವಾಹಿನಿಯಲ್ಲಿದ್ದ ಜೋಆನ್ ನಿನೊಮಿಯ ಅವರೇ ಮುಂದೆ ತಮ್ಮ ಸಂಸ್ಥೆಯಿಂದ ಇಡೀ ಧಾರಾವಾಹಿಯನ್ನು ಉಪಶೀರ್ಷಿಕೆಯೊಂದಿಗೆ ಡಿವಿಡಿಯಲ್ಲಿ ತಂದರು. 2002ರಲ್ಲಿ ರಾಜ್ಯಪಾಲರು ಏಪ್ರಿಲ್ 12ನ್ನು ಕಿಕಾಯ್ಡಾ ದಿನವೆಂದು ಘೋಷಿಸಿದರು.

ಅಭಿಮಾನದಿಂದ ಶುರುವಾದದ್ದು ಅನುಮತಿಯ ದಾರಿಯಲ್ಲೂ ಗುರಿ ಮುಟ್ಟಬಹುದು ಎನ್ನುವುದಕ್ಕೆ ಇದನ್ನು ಹೇಳಿದೆ. ಎಲ್ಲವನ್ನೂ ಕದ್ದೇ ಉಳಿಸಬೇಕಾಗಿಲ್ಲ.

ಧಾರವಾಡದ ಪೇಡೆ

‘ಕದ್ದೇ’ ಎಂಬ ಮಾತು ನೋವು ತರುತ್ತದೆ. ಮಾರಾಟಕ್ಕೇ ಇಲ್ಲದ್ದನ್ನು ಕದಿಯುವುದು ಹೇಗೆ?

ದ್ವೀಪವಾಸಿ

ನಿಮ್ಮನ್ನು ಉದ್ದೇಶಿಸಿ ಹೇಳಲಿಲ್ಲ. ಅಭಿಮಾನಿಗಳ ಹೆಸರಿನಲ್ಲಿ ಡಿಸ್ಕ್ ಒತ್ತಿ ಮಾರುವವರಿದ್ದಾರೆ, ಅವರಿಗೆ ಹೇಳಿದ್ದು.

ಅಡಿಸಾಲು

ಆ ಮಾರುವವರ ಬಗ್ಗೆ ನನಗೂ ಹೇಳುವುದಿದೆ. ಹತ್ತು ವರ್ಷಗಳ ಹಿಂದೆ ಮೂವರು ಗೆಳೆಯರು ಸೇರಿ ಒಂದು ಹಳೆಯ ಧಾರಾವಾಹಿಗೆ ಇಂಗ್ಲಿಷ್ ಉಪಶೀರ್ಷಿಕೆ ಮಾಡಿದೆವು. ಒಂದೊಂದು ಕಂತಿಗೆ ಎರಡು ವಾರ ಹಿಡಿಯುತ್ತಿತ್ತು. ಕಿವಿಗೊಟ್ಟು ಕೇಳುವುದು, ಬರೆಯುವುದು, ಕಾಲ ಹೊಂದಿಸುವುದು, ಮತ್ತೊಬ್ಬರಿಂದ ತಿದ್ದಿಸುವುದು. ಒಂದು ದಿನ ಮಾರಾಟದ ತಾಣವೊಂದರಲ್ಲಿ ನಮ್ಮದೇ ಸಾಲುಗಳಿರುವ ಡಿವಿಡಿ ಕಂಡಿತು. ನಮ್ಮ ಹೆಸರುಗಳಿದ್ದ ಚೌಕವನ್ನು ಮಾತ್ರ ಅಳಿಸಿದ್ದರು. ನಾವು ತಪ್ಪಾಗಿ ಅನುವಾದಿಸಿದ್ದ ಒಂದು ಸಾಲು ಹಾಗೆಯೇ ಇತ್ತು, ಅದರಿಂದಲೇ ಗುರುತು ಹಿಡಿದೆವು. ಅಂದಿನಿಂದ ನಮ್ಮ ಮೂವರಲ್ಲೊಬ್ಬರು ಈ ಕೆಲಸವನ್ನೇ ಬಿಟ್ಟರು.

ಅಧಿಕೃತವಾಗಿ ಡಿಸ್ಕ್ ಬಂದ ದಿನ ನಮ್ಮದನ್ನು ತೆಗೆದುಹಾಕುತ್ತೇವೆ ಎಂಬ ನಿಯಮ ಇಟ್ಟುಕೊಂಡಿದ್ದೆವು. ಬಹಳ ಗುಂಪುಗಳು ಹಾಗೆಯೇ ನಡೆದುಕೊಂಡಿವೆ. 2015ರಲ್ಲಿ ಶೌಟ್ ಫ್ಯಾಕ್ಟರಿ ಎಂಬ ಕಂಪನಿ ‘ಜ್ಯೂರೆಂಜರ್’ ಎಂಬ ಜಪಾನಿ ಧಾರಾವಾಹಿಯನ್ನು ಅಮೆರಿಕದಲ್ಲಿ ಡಿವಿಡಿಯಲ್ಲಿ ತಂದಾಗ ಅದನ್ನು ಕೊಂಡವರಲ್ಲಿ ಅಭಿಮಾನಿ ಪ್ರತಿ ನೋಡಿ ಬೆಳೆದವರೂ ಇದ್ದರು. ಅಮೆರಿಕದ ‘ಪವರ್ ರೇಂಜರ್ಸ್’ನ ಮೊದಲ ವರ್ಷದ ಕಾದಾಟಗಳು ಅದರಿಂದಲೇ ತೆಗೆದವು.

ಹಳೆ ರೀಲು

ಉಲ್ಟ್ರಾಮನ್ ಎಂಬ ದೈತ್ಯ ವೀರನ ವಿಚಾರದಲ್ಲಂತೂ ಬೇರೆ ದಾರಿ ಸಿಗುವುದೇ ಕಷ್ಟವಿತ್ತು. 1976ರ ಒಂದು ಒಪ್ಪಂದ ಪತ್ರದ ಹೆಸರಿನಲ್ಲಿ ಥಾಯ್ಲೆಂಡಿನ ಚೈಯೊ ಸಂಸ್ಥೆಗೂ ಉಲ್ಟ್ರಾಮನ್ ತಯಾರಿಸಿದ ಜಪಾನಿನ ತ್ಸುಬುರಾಯ ಸಂಸ್ಥೆಗೂ ವ್ಯಾಜ್ಯ ನಡೆಯಿತು. ಜಪಾನಿನ ಹೊರಗೆ ಹಳೆಯ ಉಲ್ಟ್ರಾ ಧಾರಾವಾಹಿಗಳ ಹಕ್ಕು ಯಾರದು ಎಂಬುದೇ ಪ್ರಶ್ನೆ. 2004ರಲ್ಲಿ ಜಪಾನಿನ ಸುಪ್ರೀಂ ಕೋರ್ಟ್ ಚೈಯೊ ಕಡೆ, 2008ರಲ್ಲಿ ಥಾಯ್ ಸುಪ್ರೀಂ ಕೋರ್ಟ್ ತ್ಸುಬುರಾಯ ಕಡೆ. ಕ್ಯಾಲಿಫೋರ್ನಿಯಾದಲ್ಲಿ 2017ರಲ್ಲಿ ತೀರ್ಪುಗಾರರು ತ್ಸುಬುರಾಯ ಪರ ನಿಂತರು, 2019ರ ಡಿಸೆಂಬರ್‌ನಲ್ಲಿ ಮೇಲಿನ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಅಮೆರಿಕದಲ್ಲಿ ಸಾಲಾಗಿ ಬ್ಲೂರೇ ಬರತೊಡಗಿದ್ದು 2019ರಲ್ಲಿ. ಅದಕ್ಕೆ ಮೊದಲು ವಿದೇಶದ ಅಭಿಮಾನಿಗಳು ಹಲವು ಹಳೆಯ ಉಲ್ಟ್ರಾ ಧಾರಾವಾಹಿಗಳನ್ನು ನೋಡಬೇಕಿದ್ದರೆ ಯಾರೋ ಅಂಚೆಯಲ್ಲಿ ಕಳಿಸಿದ ಕ್ಯಾಸೆಟ್ಟೇ ಗತಿ ಎಂಬಂತಿತ್ತು. ವಕೀಲರ ಜಗಳ ಮುಗಿಯುವವರೆಗೆ ಟೇಪಿನ ಅಂಟು ಕಾಯುತ್ತದೆಯೇ?

ಕಾಯಿದೆ ಪುಸ್ತಕ

ಕಾಯುವುದಿಲ್ಲ, ಒಪ್ಪಿದೆ. ಅದಕ್ಕೇ ಡಿಜಿಟಲ್ ಮಾಡಿ ಎಂದದ್ದು. ಪ್ರತಿ ಮಾಡಿ ಇಡುವುದು ಒಂದು ಕೆಲಸ, ಊರಿಗೆಲ್ಲ ಹಂಚುವುದು ಇನ್ನೊಂದು. ನೀವೆಲ್ಲ ಎರಡನ್ನೂ ಒಂದೇ ಉಸಿರಿನಲ್ಲಿ ಹೇಳುತ್ತಿದ್ದೀರಿ.

ಬಣ್ಣದ ವೇಷ

ಉಳಿಸುವುದು ಎಂದರೆ ಟೇಪು ಮಾತ್ರವೇ? ವೇಷಗಳ ಬಗ್ಗೆ ಯಾರೂ ಮಾತನಾಡುತ್ತಿಲ್ಲ. ನಮ್ಮ ಯಕ್ಷಗಾನ ಮೇಳದಲ್ಲಿ ಬಣ್ಣದ ವೇಷ ಕಟ್ಟುವವರು ಮುಖಕ್ಕೆ ಚುಟ್ಟಿ ಇಡಲು ಗಂಟೆಗಟ್ಟಲೆ ಕೂರುತ್ತಾರೆ. ಕುಣಿತ ಮುಗಿದ ಮೇಲೆ ಅದು ಅಳಿಸಿ ಹೋಗುತ್ತದೆ, ಆದರೆ ವಿದ್ಯೆ ಮುಂದಿನವರ ಕೈಯಲ್ಲಿ ಉಳಿಯುತ್ತದೆ. ಅಲ್ಲಿ ಫುರುಯ ಬಿನ್ ಎಂಬ ನಟ ಉಲ್ಟ್ರಾಮನ್ ವೇಷದೊಳಗೆ ಬೆವರಿನಲ್ಲಿ ನೆನೆಯುತ್ತ 39 ಕಂತುಗಳನ್ನು ನಡೆಸಿಕೊಟ್ಟರು. ರಬ್ಬರಿನ ವೇಷಗಳು ಪುಡಿಪುಡಿಯಾಗುತ್ತವೆ. ಪುಟ್ಟ ಪುಟ್ಟ ಮನೆ, ರೈಲು, ವಿಮಾನಗಳ ಮಾದರಿಗಳನ್ನು ಚಿತ್ರೀಕರಣವಾದ ಮೇಲೆ ಎಸೆಯುತ್ತಿದ್ದರು. ಯುದ್ಧಕ್ಕೆ ಮುನ್ನ ವೀರ ಕೈ ಬೀಸಿ ನಿಲ್ಲುವ ಭಂಗಿ ನೋಡಿದಾಗಲೆಲ್ಲ ನನಗೆ ಒಡ್ಡೋಲಗ ನೆನಪಾಗುತ್ತದೆ. ನಿಂತ ನಿಲುವಿನಲ್ಲೇ ತಾನು ಯಾರೆಂದು ಹೇಳುವುದು ಎರಡೂ ಕಡೆ ಒಂದೇ.

ಹಳೆ ರೀಲು

ಬಣ್ಣದ ವೇಷ ಅವರೇ, ನಿಮ್ಮ ಮಾತಿಗೆ ಅಲ್ಲಿ ಕೆಲಸ ನಡೆದಿದೆ. ನಿರ್ದೇಶಕ ಅನ್ನೊ ಹಿದೆಆಕಿ 2012ರಲ್ಲಿ ಟೋಕಿಯೊದಲ್ಲಿ ಹಳೆಯ ಮಾದರಿಗಳ ದೊಡ್ಡ ಪ್ರದರ್ಶನ ಮಾಡಿಸಿದರು. 2017ರಲ್ಲಿ ಇದಕ್ಕಾಗಿಯೇ ಲಾಭರಹಿತ ಸಂಸ್ಥೆಯೊಂದು ಅವರ ಮುಂದಾಳತ್ವದಲ್ಲಿ ಹುಟ್ಟಿತು. 2020ರ ನವೆಂಬರ್‌ನಲ್ಲಿ ಫುಕುಶಿಮದ ಸುಕಾಗವ ಊರಿನಲ್ಲಿ ತೊಕುಸಾತ್ಸು, ಅಂದರೆ ವೇಷ ಮತ್ತು ಪುಟ್ಟ ಮಾದರಿಗಳಿಂದ ತೆಗೆಯುವ ವಿಶೇಷ ತಂತ್ರದ ಚಿತ್ರಗಳ, ಸಂಗ್ರಹಾಲಯ ತೆರೆಯಿತು. ‘ಗಾಡ್ಜಿಲ್ಲಾ’ದ ತಂತ್ರಗಳನ್ನು ಕಟ್ಟಿದ ತ್ಸುಬುರಾಯ ಎಯ್ಜಿ ಹುಟ್ಟಿದ ಊರು ಅದು. ದುರಸ್ತಿ ಮಾಡಿದ ಮಾದರಿಗಳನ್ನು ಜನ ಹೋಗಿ ನೋಡಬಹುದು.

ಜೆಟಿಕ್ಸ್ ಹುಡುಗಿ

ಹಾಗಾದರೆ ಈ 46 ಟೇಪುಗಳನ್ನು ಅಲ್ಲಿಗೇ ಕೊಟ್ಟುಬಿಡಬಹುದಲ್ಲ?

ಹಳೆ ರೀಲು

ಅಲ್ಲಿ ಇರುವುದು ಮಾದರಿ, ವೇಷ, ವಿನ್ಯಾಸದ ಕಾಗದಗಳು. ಪ್ರಸಾರದ ದಾಖಲೆಗೆ ಬೇರೆ ಜಾಗ ಕೇಳಬೇಕು. ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯವರು ಕಳೆದುಹೋದ ಕಾರ್ಯಕ್ರಮಗಳ ಮನೆಯ ಟೇಪುಗಳನ್ನು ವೀಕ್ಷಕರಿಂದ ಕೇಳಿ ಪಡೆಯುವ ಯೋಜನೆ ನಡೆಸುತ್ತಾರೆ, ಆದರೆ ಅವರದೇ ಕಾರ್ಯಕ್ರಮಗಳಿಗೆ ಮಾತ್ರ. ಯೊಕೊಹಾಮದಲ್ಲಿ ಪ್ರಸಾರ ಗ್ರಂಥಾಲಯವಿದೆ. ಹಳೆಯ ಕಾರ್ಯಕ್ರಮಗಳನ್ನೂ ಜಾಹೀರಾತುಗಳನ್ನೂ ಅಲ್ಲಿ ಉಚಿತವಾಗಿ ಕುಳಿತು ನೋಡಬಹುದು. ಕವಾಸಾಕಿಯಿಂದ ರೈಲಿನಲ್ಲಿ ಹತ್ತಿರ. ಒಂದು ಶನಿವಾರ ಹೋಗಿ, ಪಟ್ಟಿ ತೋರಿಸಿ, ಮಾತನಾಡಿ.

ಸಾವಿರ ಕಂಬ

ಇಲ್ಲಿ ಒಂದು ಕಷ್ಟದ ಪ್ರಶ್ನೆ. ಎಲ್ಲವನ್ನೂ ಉಳಿಸಿ ಹಂಚಬೇಕು ಎನ್ನುವವರು ‘ಉಲ್ಟ್ರಾಸೆವೆನ್’ನ 12ನೆಯ ಕಂತಿಗೆ ಏನು ಹೇಳುತ್ತೀರಿ? 1967ರ ಡಿಸೆಂಬರ್‌ನಲ್ಲಿ ಪ್ರಸಾರವಾಯಿತು. ಬಾಂಬ್ ಪರೀಕ್ಷೆಯಿಂದ ತಮ್ಮ ರಕ್ತ ಕೆಟ್ಟು, ಮನುಷ್ಯರ ರಕ್ತಕ್ಕಾಗಿ ಬರುವ ಅನ್ಯಗ್ರಹದವರ ಕಥೆ. 1970ರಲ್ಲಿ ಮಕ್ಕಳ ಪತ್ರಿಕೆಯೊಂದು ಆ ಜೀವಿಯನ್ನು ‘ಹಿಬಾಕು’ ಅನ್ಯಗ್ರಹದವನು ಎಂದು ಕರೆಯಿತು. ಹಿರೋಶಿಮ, ನಾಗಾಸಾಕಿಯಲ್ಲಿ ಬಾಂಬಿಗೆ ಮೈ ಒಡ್ಡಿದವರಿಗೆ ಬಳಸುವ ಮಾತು ಅದು. ಬದುಕಿ ಉಳಿದವರಿಗೆ ಎಷ್ಟು ನೋವಾಗಿರಬೇಕು! ತ್ಸುಬುರಾಯ ಸಂಸ್ಥೆ ಕಂತನ್ನು ಹಿಂತೆಗೆದುಕೊಂಡಿತು, ಇಂದಿಗೂ ಬಿಡುಗಡೆ ಮಾಡಿಲ್ಲ. ಆದರೆ ಅಭಿಮಾನಿಗಳು ವಿದೇಶಿ ಪ್ರತಿಯಿಂದ ಅದನ್ನು ಕೈಯಿಂದ ಕೈಗೆ ದಾಟಿಸುತ್ತಲೇ ಬಂದರು. ಇದು ಉಳಿಸುವಿಕೆಯೇ, ಹಟವೇ?

ಧಾರವಾಡದ ಪೇಡೆ

ನೋಡದೆ ತೀರ್ಪು ಕೊಡುವುದಕ್ಕಿಂತ ನೋಡಿ ಮಾತನಾಡುವುದು ಮೇಲು. ಕೆಟ್ಟ ಹೆಸರಿಟ್ಟದ್ದು ಪತ್ರಿಕೆ, ಕಂತಿನಲ್ಲಿ ಆ ಪದವಿಲ್ಲ.

ಸಾವಿರ ಕಂಬ

ಪದವಿಲ್ಲ, ಆದರೆ ಆ ಜೀವಿಯ ಮೈಮೇಲಿನ ಗಾಯದ ಗುರುತುಗಳಿವೆ. ಮೈಯೆಲ್ಲ ಸುಟ್ಟ ಗಾಯದ ತಾಯಿಯೊಬ್ಬಳ ಮಗು ಶಾಲೆಯಲ್ಲಿ ಆ ಚಿತ್ರವನ್ನು ನೋಡಿದರೆ?

ಹಿರಗಾನ

ನನ್ನ ನಿಲುವು ಹೇಳುತ್ತೇನೆ. ಆ ಕಂತು ಅಳಿಯಬಾರದು. ಸಂಶೋಧಕರಿಗೆ, ಬರಹಗಾರರಿಗೆ ಸಿಗಬೇಕು. ಆದರೆ ‘ನಿಷೇಧಿತ ಕಂತು, ನೋಡಿ ಆನಂದಿಸಿ’ ಎಂದು ಜಾಹೀರಾತಿನಂತೆ ಏರಿಸುವವರನ್ನು ನಾನು ಸಂರಕ್ಷಕರೆಂದು ಕರೆಯುವುದಿಲ್ಲ. ಯಾಕೆ ಹಿಂತೆಗೆದರು ಎಂಬ ವಿವರವಿಲ್ಲದೆ ಆ ಕಂತನ್ನು ದಾಟಿಸುವುದು, ಬೆಂಕಿಯ ಕೊಳ್ಳಿಯನ್ನು ಸೆರಗಿನಲ್ಲಿ ಕಟ್ಟಿ ಕೊಟ್ಟಂತೆ.

ಸಾವಿರ ಕಂಬ

ಇದನ್ನು ಒಪ್ಪಬಹುದು.

ಟ್ರ್ಯಾಕಿಂಗ್ ಗುಂಡಿ

ಎಲ್ಲರೂ ತತ್ವ ಮಾತನಾಡುತ್ತಿದ್ದೀರಿ, ಕವಾಸಾಕಿಯವರು ‘ಹೇಗೆ’ ಎಂದು ಕೇಳಿದ್ದಕ್ಕೆ ಯಾರೂ ಉತ್ತರಿಸಿಲ್ಲ. ನಾನು ಮದುವೆ ಕ್ಯಾಸೆಟ್ಟುಗಳನ್ನು ಡಿಜಿಟಲ್ ಮಾಡುವ ಕೆಲಸದಲ್ಲಿ ಹನ್ನೆರಡು ವರ್ಷ ಕಳೆದಿದ್ದೇನೆ.

ಮೊದಲನೆಯದು, ಟೇಪಿನ ಬೆನ್ನಿನ ಪ್ಲಾಸ್ಟಿಕ್ ಚೂರು ಮುರಿದಿದೆಯೇ ನೋಡಿ. ಮುರಿದಿರದಿದ್ದರೆ ಈಗಲೇ ಮುರಿಯಿರಿ. ಕೈತಪ್ಪಿ ರೆಕಾರ್ಡ್ ಗುಂಡಿ ಒತ್ತಿದರೆ ನಲವತ್ತು ವರ್ಷ ಉಳಿದದ್ದು ನಿಮ್ಮ ಕೈಯಲ್ಲೇ ಅಳಿಯುತ್ತದೆ. ಎರಡನೆಯದು, ಜಪಾನಿನ ಮನೆಗಳಲ್ಲಿ ಟೇಪು ಉಳಿಸಲೆಂದು ಮೂರು ಪಟ್ಟು ನಿಧಾನದ ವೇಗದಲ್ಲಿ ಮುದ್ರಿಸುತ್ತಿದ್ದರು. 2 ಗಂಟೆಯ ಟೇಪಿನಲ್ಲಿ 6 ಗಂಟೆ ಹಿಡಿಸುತ್ತದೆ, ಆದರೆ ಚಿತ್ರ ಮುದ್ರಿತವಾಗುವ ಗೆರೆಗಳು ಬಹಳ ಸಣ್ಣ. ಮುದ್ರಿಸಿದ ಡೆಕ್ ಒಂದು, ಓಡಿಸುವ ಡೆಕ್ ಇನ್ನೊಂದು ಆದರೆ ಚಿತ್ರ ಕುಣಿಯುತ್ತದೆ. ಸಾಧ್ಯವಾದರೆ ಆ ಅಜ್ಜಿಯ ಮನೆಯ ಡೆಕ್ ಇನ್ನೂ ಇದೆಯೇ ಕೇಳಿ! ಹೊಸ ವಿಎಚ್‌ಎಸ್ ಡೆಕ್ ತಯಾರಿಕೆ 2016ರ ಜುಲೈನಲ್ಲೇ ನಿಂತಿತು, ಕೊನೆಯದಾಗಿ ತಯಾರಿಸುತ್ತಿದ್ದವರು ಫುನಾಯ್ ಕಂಪನಿ.

ಚಿತ್ರದ ಅಲುಗಾಟ ಸರಿಪಡಿಸಲು ಟೈಮ್ ಬೇಸ್ ಕರೆಕ್ಟರ್ ಇರುವ ಡೆಕ್ ಅಥವಾ ಪ್ರತ್ಯೇಕ ಪೆಟ್ಟಿಗೆ ಬೇಕು. ಚಿತ್ರವನ್ನು ಕಂಪ್ಯೂಟರಿಗೆ ಹಿಡಿಯುವ ಅಗ್ಗದ ಯುಎಸ್‌ಬಿ ಕಡ್ಡಿಗಳನ್ನು ಕೊಳ್ಳಬೇಡಿ. ನಷ್ಟವಿಲ್ಲದ ಎಫ್‌ಎಫ್‌ವಿ1 ರೂಪದಲ್ಲಿ ಹಿಡಿದರೆ ಗಂಟೆಗೆ ಸುಮಾರು 30 ಜಿಬಿ. 46 ಟೇಪುಗಳೂ 6 ಗಂಟೆಯವಾದರೆ 276 ಗಂಟೆ, ಅಂದರೆ 8 ಟಿಬಿಗಿಂತ ಸ್ವಲ್ಪ ಹೆಚ್ಚು. ಎರಡು ಪ್ರತಿ ಎರಡು ಬೇರೆ ಜಾಗಗಳಲ್ಲಿರಲಿ.

ಅಡಿಸಾಲು

ಒಂದು ಸೇರಿಸುತ್ತೇನೆ. ಕಂತು ಫಿಲ್ಮಿನದು, ಸೆಕೆಂಡಿಗೆ 24 ಚಿತ್ರ. ಜಾಹೀರಾತು ಮತ್ತು ಸುದ್ದಿಪಟ್ಟಿಗಳಲ್ಲಿ ಹಲವು ವಿಡಿಯೊದವು, ಸೆಕೆಂಡಿಗೆ ಸುಮಾರು 60 ಅರೆಚಿತ್ರ. ಎರಡಕ್ಕೂ ಒಂದೇ ಸಂಸ್ಕರಣೆ ಕೊಟ್ಟರೆ ಒಂದು ಕೆಡುತ್ತದೆ. ಹಿಡಿದದ್ದನ್ನು ಹಾಗೆಯೇ ಇಡಿ, ‘ಸುಂದರಗೊಳಿಸಿದ’ ಪ್ರತಿಯನ್ನು ಬೇರೆ ಕಡತವಾಗಿ ಮಾಡಿ. ಗೆರೆ ಒರೆಸುವ, ಮುಖ ತೀಡುವ ಹೊಸ ಸಾಫ್ಟ್‌ವೇರ್‌ಗಳನ್ನು ಮೂಲಕ್ಕೆ ತಾಗಿಸಲೇಬೇಡಿ. ಅವು ಇಲ್ಲದ ಕಣ್ಣು ಮೂಗುಗಳನ್ನು ಹುಟ್ಟಿಸುತ್ತವೆ.

ಟ್ರ್ಯಾಕಿಂಗ್ ಗುಂಡಿ

ನೂರಕ್ಕೆ ನೂರು ಸರಿ. ಇನ್ನೂ ಆಳಕ್ಕೆ ಹೋಗುವವರು ಡೆಕ್‌ನ ಟೇಪು ಓದುವ ತಲೆಯಿಂದ ಬರುವ ಕಚ್ಚಾ ಸಂಕೇತವನ್ನೇ ಹಿಡಿದು ಕಂಪ್ಯೂಟರಿನಲ್ಲಿ ಬಿಡಿಸುತ್ತಾರೆ. ಲೇಸರ್‌ಡಿಸ್ಕ್‌ಗಾಗಿ ಹವ್ಯಾಸಿಗಳು ಕಟ್ಟಿದ ಮುಕ್ತ ತಂತ್ರಾಂಶ ಅದು, ಈಗ ವಿಎಚ್‌ಎಸ್‌ಗೂ ಬಂದಿದೆ.

ಮಲೆನಾಡ ಮಳೆ

ಭಾರತಕ್ಕೆ ತಂದು ಇಲ್ಲಿ ಮಾಡಿಸಿದರೆ ಅಗ್ಗವಾಗದೇ?

ಟ್ರ್ಯಾಕಿಂಗ್ ಗುಂಡಿ

ಬೇಡ. ಟಿ.ವಿ. ಚಿತ್ರದ ಪದ್ಧತಿಯೇ ಬೇರೆ, ಜಪಾನಿನದು ಎನ್‌ಟಿಎಸ್‌ಸಿ, ನಮ್ಮದು ಪಾಲ್. ಇಲ್ಲಿನ ಹಳೆಯ ಡೆಕ್‌ಗಳಲ್ಲಿ ಹಲವು ಅದನ್ನು ಸರಿಯಾಗಿ ಓಡಿಸುವುದಿಲ್ಲ. ನನ್ನ ಬಳಿ ಒಮ್ಮೆ ಒಂದು ಟೇಪು ಬಂದಿತ್ತು. ಬೇರೆ ಅಂಗಡಿಯವರು ಪಾಲ್ ಡೆಕ್‌ನಲ್ಲಿ ಓಡಿಸಿ, ಪರದೆಯ ಮೇಲಿನ ಚಿತ್ರವನ್ನು ಮೊಬೈಲಿನಲ್ಲಿ ಚಿತ್ರೀಕರಿಸಿ ಕೊಟ್ಟಿದ್ದರು. ಕಪ್ಪು ಬಿಳುಪು, ಅದೂ ಉರುಳುತ್ತಿತ್ತು.

ಹೊಸ ಓದುಗ

ಕನ್ನಡ ಉಪಶೀರ್ಷಿಕೆ ಹಾಕಿದವರು ಯಾರಾದರೂ ಇದ್ದೀರಾ?

ಹಿರಗಾನ

ನಾನು ನನ್ನ ಮಗಳಿಗಾಗಿ ಹಾಕಿದ್ದೇನೆ, ಮನೆಯೊಳಗಿನ ಬಳಕೆಗೆ, ಕೊಂಡ ಡಿಸ್ಕ್‌ನಿಂದ. ಮೊದಲ ತೊಡಕು ‘ಹೆನ್ಶಿನ್’, ವೀರ ರೂಪ ಬದಲಿಸುವಾಗ ಕೂಗುವ ಮಾತು. ‘ರೂಪಾಂತರ’ ಎಂದರೆ ಪಾಠಪುಸ್ತಕದಂತೆ ಕೇಳುತ್ತದೆ, ಕೂಗುವುದಕ್ಕೆ ಆಗುವುದಿಲ್ಲ. ‘ಹೆನ್ಶಿನ್’ ಎಂದೇ ಬಿಟ್ಟರೆ ಮಗುವಿಗೆ ಅರ್ಥವಾಗದು. ಮೊದಲ ಎರಡು ಕಂತುಗಳಲ್ಲಿ ‘ವೇಷ ತೊಡು!’ ಎಂದು ಬರೆದೆ. ಮೂರನೆಯದಕ್ಕೆ ಬರುವ ಹೊತ್ತಿಗೆ ಅವಳೇ ‘ಅಪ್ಪಾ, ಹೆನ್ಶಿನ್ ಅಂತಲೇ ಬರೆಯಿರಿ’ ಎಂದಳು. ಇನ್ನೊಂದು ತೊಡಕು ತಾಂತ್ರಿಕ. ಅಗ್ಗದ ಟಿ.ವಿ.ಗಳಲ್ಲಿ ಒತ್ತಕ್ಷರಗಳು ಒಡೆದು ಚೆಲ್ಲಾಪಿಲ್ಲಿಯಾಗುತ್ತವೆ. ಕಂಪ್ಯೂಟರಿನಲ್ಲಿ ಸರಿಯಾಗಿ ಬರುತ್ತವೆ.

ಬಣ್ಣದ ವೇಷ

‘ವೇಷ ತೊಡು’ ಚೆನ್ನಾಗಿಯೇ ಇತ್ತು. ಮಗಳಿಗೆ ನನ್ನ ಪರವಾಗಿ ಒಂದು ಮಾತು ಹೇಳಿ ನೋಡಿ.

ಕವಾಸಾಕಿ ಕನ್ನಡಿಗ

ಮೂರು ವಾರಗಳ ನಂತರ ಬರೆಯುತ್ತಿದ್ದೇನೆ. ಎಲ್ಲರಿಗೂ ಕೃತಜ್ಞತೆ. ಟ್ರ್ಯಾಕಿಂಗ್ ಗುಂಡಿಯವರು ಹೇಳಿದಂತೆ ಅಜ್ಜಿಯನ್ನು ಕೇಳಿದೆ. ಡೆಕ್ ಇತ್ತು! ಅದರ ಮೇಲೆ ಹೂದಾನಿ ಇಟ್ಟಿದ್ದರು. ರಬ್ಬರ್ ಪಟ್ಟಿ ಬದಲಿಸಿದ ಮೇಲೆ ಓಡುತ್ತಿದೆ, ಮೂರು ಪಟ್ಟು ನಿಧಾನದ ಟೇಪುಗಳಲ್ಲೂ ಚಿತ್ರ ನಿಂತ ನೀರಿನಂತೆ ನಿಲ್ಲುತ್ತಿದೆ. ಚೂರುಗಳನ್ನೆಲ್ಲ ಮುರಿದೆ. ಈವರೆಗೆ 19 ಟೇಪು ಮುಗಿದಿವೆ. ಸದ್ಯಕ್ಕೆ ಎಲ್ಲಿಗೂ ಏರಿಸುವುದಿಲ್ಲ. ಕಂತು, ಜಾಹೀರಾತು, ಪ್ರಕಟಣೆ, ಸುದ್ದಿಪಟ್ಟಿ ಎಲ್ಲದರ ನಿಮಿಷವಾರು ಪಟ್ಟಿ ಬರೆಯುತ್ತಿದ್ದೇನೆ. ಪಟ್ಟಿ ಮುಗಿದ ಮೇಲೆ ಯೊಕೊಹಾಮಕ್ಕೆ ಹೋಗುತ್ತೇನೆ.

17ನೆಯ ಟೇಪಿನಲ್ಲಿ ‘ಚೇಂಜ್‌ಮನ್’ ಕಂತು ಅರ್ಧಕ್ಕೇ ನಿಂತು ಶಾಲೆಯ ಆಟೋಟದ ದಿನ ಬಂತು. 12 ನಿಮಿಷ. ಕೆಂಪು ಟೋಪಿಯ ಹುಡುಗನೊಬ್ಬ ಓಟದಲ್ಲಿ ಬಿದ್ದು, ಎದ್ದು, ಕೊನೆಯವನಾಗಿ ಗೆರೆ ದಾಟುತ್ತಾನೆ. ಕ್ಯಾಮೆರಾ ಹಿಡಿದವರ ದನಿ ಕೇಳುತ್ತದೆ. ಅಜ್ಜಿಗೆ ತೋರಿಸಿದೆ. ಅವರು ಚಿತ್ರ ನೋಡಲಿಲ್ಲ, ಕಣ್ಣು ಮುಚ್ಚಿ ದನಿ ಕೇಳಿದರು. ಆ ಟೇಪನ್ನು ಅವರಿಗೇ ಮರಳಿ ಕೊಟ್ಟೆ, ಆ 12 ನಿಮಿಷವನ್ನು ನನ್ನ ಕಡತದಿಂದ ತೆಗೆದೆ.

ಈಗ ಒಂದು ತುರ್ತು ಪ್ರಶ್ನೆ. 31ನೆಯ ಟೇಪಿನ ಸುರುಳಿಯ ಅಂಚಿನಲ್ಲಿ ಬಿಳಿ ಪುಡಿಯಂಥದ್ದು ಕಾಣುತ್ತಿದೆ. ಅದರ ಮೇಲೆ ‘ಬ್ಲ್ಯಾಕ್, ಕಂತು 1’ ಎಂದು ಬರೆದಿದೆ.

ಟ್ರ್ಯಾಕಿಂಗ್ ಗುಂಡಿ

ಬೂಷ್ಟು. ಯಾವ ಕಾರಣಕ್ಕೂ ಡೆಕ್‌ಗೆ ಹಾಕಬೇಡಿ. ತಲೆಗೆ ಮೆತ್ತಿಕೊಂಡರೆ ಉಳಿದ ಟೇಪುಗಳಿಗೂ ಹರಡುತ್ತದೆ. ಈಗಲೇ ಬೇರೆ ಚೀಲದಲ್ಲಿ ಹಾಕಿ, ಸಿಲಿಕಾ ಜೆಲ್ ಪೊಟ್ಟಣ ಇಟ್ಟು, ಒಣ ಜಾಗದಲ್ಲಿಡಿ.

ಮಲೆನಾಡ ಮಳೆ

ಮುಟ್ಟುವಾಗ ಮೂಗಿಗೆ ಬಟ್ಟೆ ಕಟ್ಟಿಕೊಳ್ಳಿ. ನಮ್ಮ ಅಟ್ಟದ ಕ್ಯಾಸೆಟ್ಟುಗಳನ್ನು ತೆಗೆದ ವರ್ಷ ನಾನು ಒಂದು ತಿಂಗಳು ಕೆಮ್ಮಿದ್ದೆ.

ಟ್ರ್ಯಾಕಿಂಗ್ ಗುಂಡಿ

ಒಣಗಿದ ಮೇಲೆ ಕವಚದ ಐದು ತಿರುಪು ಬಿಚ್ಚಿ, ಸುರುಳಿಗಳನ್ನು ಹೊಸ ಕವಚಕ್ಕೆ ಹಾಕಿ, ಮೆತ್ತನೆಯ ಬಟ್ಟೆಯ ನಡುವೆ ಹಾಯಿಸುತ್ತ ಕೈಯಿಂದಲೇ ನಿಧಾನವಾಗಿ ಸುತ್ತಬೇಕು. ಸ್ವಚ್ಛ ಮಾಡಲೆಂದೇ ಇನ್ನೊಂದು ಹಳೆಯ ಡೆಕ್ ಇಟ್ಟುಕೊಳ್ಳಿ, ಅಜ್ಜಿಯದನ್ನು ಬಳಸಬೇಡಿ. ಬಿಚ್ಚುವ ಮೊದಲು ನಾಲ್ಕು ಕಡೆಯಿಂದ ಫೋಟೊ ತೆಗೆದು ಇಲ್ಲಿ ಹಾಕಿ, ನೋಡಿ ಹೇಳುತ್ತೇನೆ.